ನೇಣಿಗೆ ಹಾಕಿದ ಮೇಲೆ ಯಾರು ಹುಡುಕುತ್ತಾರೆ?

ನಮಸ್ಕಾರ. ಇವತ್ತು ಒಂದು ಪ್ಯಾಂಟಿನ ಕಥೆಯಿಂದ ಶುರು ಮಾಡುತ್ತೇನೆ.

1966ರ ಜೂನ್ ತಿಂಗಳು. ಜಪಾನಿನ ಶಿಜುವೊಕಾ. ಅಲ್ಲಿ ಮಿಸೊ ತಯಾರಿಸುವ ಒಂದು ಕಂಪನಿ. ಮಿಸೊ ಅಂದರೆ ಸೋಯಾ ಕಾಳಿಗೆ ಉಪ್ಪು ಹಾಕಿ, ತಿಂಗಳುಗಟ್ಟಲೆ ಹುಳಿಬರಿಸಿ ಮಾಡುವ ಕಂದು ಬಣ್ಣದ ಗಟ್ಟಿ ಪದಾರ್ಥ. ಆ ಕಂಪನಿಯ ಒಬ್ಬ ಅಧಿಕಾರಿ, ಅವರ ಹೆಂಡತಿ, ಇಬ್ಬರು ಮಕ್ಕಳು, ನಾಲ್ವರನ್ನೂ ಇರಿದು ಕೊಂದು ಮನೆಗೆ ಬೆಂಕಿ ಇಟ್ಟಿದ್ದರು. ಪೊಲೀಸರು ಹಿಡಿದದ್ದು ಅಲ್ಲೇ ಕೆಲಸಕ್ಕಿದ್ದ ಇವಾವೊ ಹಕಮಾಡ ಅವರನ್ನು. ಮೊದಲು ಬಾಕ್ಸರ್ ಆಗಿದ್ದವರು. ದಿನಕ್ಕೆ ಸರಾಸರಿ 12 ಗಂಟೆ ವಿಚಾರಣೆ. ಸುಮಾರು ಮೂರು ವಾರಕ್ಕೆ ತಪ್ಪೊಪ್ಪಿಕೊಂಡರು. ಕೋರ್ಟಿಗೆ ಬಂದಾಗ, "ನಾನು ಮಾಡಿಲ್ಲ, ಹೊಡೆದು ಹೇಳಿಸಿದರು" ಅಂದರು.

ಕೊಲೆಯಾಗಿ ಒಂದು ವರ್ಷ ದಾಟಿದ ಮೇಲೆ ಮಿಸೊ ತೊಟ್ಟಿಯೊಳಗೆ ರಕ್ತದ ಕಲೆಯಿದ್ದ ಐದು ಬಟ್ಟೆಗಳು ಸಿಕ್ಕವು. ಕೊಲೆಗಾರನ ಬಟ್ಟೆ ಇವೇ ಅಂತಾಯಿತು. 1968ರಲ್ಲಿ ಮರಣದಂಡನೆ. ಮೇಲ್ಮನವಿ ನಡೆಯುವಾಗ ಆ ಪ್ಯಾಂಟನ್ನು ಹಕಮಾಡ ಅವರಿಗೆ ತೊಡಿಸಿ ನೋಡಿದರು. ತೊಡೆಯಿಂದ ಮೇಲೆ ಏರಲೇ ಇಲ್ಲ. ಮಿಸೊದಲ್ಲಿ ನೆನೆದು ಒಣಗಿ ಕುಗ್ಗಿದೆ ಎಂದಿತು ಸರ್ಕಾರದ ಕಡೆ. ಲೇಬಲ್ ಮೇಲಿದ್ದ 'ಬಿ' ಅಕ್ಷರ ದೊಡ್ಡ ಅಳತೆಯ ಗುರುತು ಎಂದೂ ವಾದಿಸಿತು. ಆ 'ಬಿ' ಅಳತೆಯಲ್ಲ, ಬಣ್ಣದ ಗುರುತು ಎಂಬುದು ಎಷ್ಟೋ ವರ್ಷಗಳ ಮೇಲೆ ಬಯಲಾಯಿತು.

ಇನ್ನೊಂದು ವಿಷಯ. ಆ ಬಟ್ಟೆಗಳ ಮೇಲೆ ರಕ್ತ ಇನ್ನೂ ಕೆಂಪಾಗಿಯೇ ಕಾಣುತ್ತಿತ್ತು. ವರ್ಷಕ್ಕೂ ಹೆಚ್ಚು ಕಾಲ ಮಿಸೊದಲ್ಲಿ ಮುಳುಗಿದ್ದರೆ ಕೆಂಪು ಉಳಿಯುತ್ತಾ? ಅವರ ಬೆಂಬಲಿಗರು ರಕ್ತ ಹಚ್ಚಿದ ಬಟ್ಟೆಯನ್ನು ಮಿಸೊದಲ್ಲಿ ಇಟ್ಟು ತಾವೇ ನೋಡಿದರು. ಕಪ್ಪಾಗಿ ಹೋಯಿತು. ಆಮೇಲೆ ಡಿಎನ್‌ಎ ಪರೀಕ್ಷೆ ಬಂತು. 2014ರಲ್ಲಿ ಮರುವಿಚಾರಣೆಗೆ ಆದೇಶವಾಗಿ ಅವರು ಹೊರಬಂದರು. 2024ರ ಸೆಪ್ಟೆಂಬರ್‌ನಲ್ಲಿ ಕೋರ್ಟು ಅವರು ನಿರಪರಾಧಿ ಎಂದಿತು. ಆ ಬಟ್ಟೆಗಳ ಸಾಕ್ಷ್ಯ ತನಿಖೆ ಮಾಡಿದವರೇ ಸೃಷ್ಟಿಸಿದ್ದು ಎಂದೂ ಹೇಳಿತು. ಆಗ ಅವರಿಗೆ 88 ವರ್ಷ.

ಇಲ್ಲಿ ಸ್ವಲ್ಪ ನಿಲ್ಲೋಣ. ಈ ಸತ್ಯ ಹೊರಬಂದದ್ದು ಒಂದೇ ಕಾರಣಕ್ಕೆ. ಅವರು ಬದುಕಿದ್ದರು. ಜಪಾನಿನಲ್ಲಿ ಗಲ್ಲಿಗೇರಿಸುವ ದಿನವನ್ನು ಕೈದಿಗೆ ಮೊದಲೇ ಹೇಳುವುದಿಲ್ಲ. ಆ ದಿನ ಬೆಳಿಗ್ಗೆಯೇ ತಿಳಿಸುವುದು. ಯಾವ ಬೆಳಿಗ್ಗೆ ಬಾಗಿಲು ತಟ್ಟುತ್ತಾರೋ ಎಂದು ಕಾಯುತ್ತಾ ಅವರು ದಶಕಗಳನ್ನು ಕಳೆದರು. ಮನಸ್ಸಿನ ಆರೋಗ್ಯ ಪೂರ್ತಿ ಹಾಳಾಯಿತು. ಅವರ ಅಕ್ಕ ಹಿಡೆಕೊ ಮಾತ್ರ ಪಟ್ಟು ಬಿಡಲಿಲ್ಲ. ಜೀವಂತ ತಮ್ಮನಿಗಾಗಿ ಹೋರಾಡಬಹುದಿತ್ತು, ಹೋರಾಡಿದರು.

ಗಲ್ಲು ಶಿಕ್ಷೆಯ ಚರ್ಚೆ ಬಂದಾಗಲೆಲ್ಲ ನಾವು ಅಪರಾಧಿ ಎಷ್ಟು ಕ್ರೂರಿ ಎಂಬುದನ್ನೇ ಮಾತಾಡುತ್ತೇವೆ. ನನಗೂ ಕೆಲವು ಸುದ್ದಿ ಓದಿದಾಗ ರಕ್ತ ಕುದಿಯುತ್ತದೆ, "ಇಂಥವರನ್ನು ಬಿಡಬಾರದು" ಅನ್ನಿಸುತ್ತದೆ. ಆ ಸಿಟ್ಟು ಸುಳ್ಳಲ್ಲ. ಆದರೆ ನಾವು ಕೇಳುವುದನ್ನೇ ಮರೆಯುವ ಪ್ರಶ್ನೆ ಒಂದಿದೆ. ತಪ್ಪು ತೀರ್ಪಾಗಿದ್ದರೆ ಅದು ಗೊತ್ತಾಗಲು ಎಷ್ಟು ಕಾಲ ಬೇಕು? ಬಹಳ ಸಲ ಹತ್ತು, ಇಪ್ಪತ್ತು ವರ್ಷ. ಇಲ್ಲಿ ಐವತ್ತಕ್ಕೂ ಜಾಸ್ತಿ. ಗಲ್ಲು ಕಸಿದುಕೊಳ್ಳುವುದು ಆ ಕಾಲವನ್ನೇ. ಕೈದಿ ಸತ್ತ ಮೇಲೆ ಕೇಸು ಮುಚ್ಚಿದ ಹಾಗೆ. ವಕೀಲರು ಬೇರೆ ಕೇಸಿಗೆ ಹೋಗುತ್ತಾರೆ. ಕಡತದ ಮೇಲೆ ಧೂಳು ಕೂರುತ್ತದೆ.

ಸತ್ತ ಮೇಲೂ ಸತ್ಯ ಹೊರಬಂದ ಕೆಲವು ಕೇಸುಗಳಿವೆ. ಹೇಗೆ ಬಂತು ಅಂತ ನೋಡಿದರೆ ಎದೆ ಝಲ್ಲೆನ್ನುತ್ತದೆ. ಲಂಡನ್, 1949. ತಿಮೋತಿ ಇವಾನ್ಸ್ ಎಂಬ ಯುವಕನ ಹೆಂಡತಿ ಮತ್ತು ಪುಟ್ಟ ಮಗಳ ಶವಗಳು ಮನೆ ಹಿಂದೆ ಬಟ್ಟೆ ಒಗೆಯುವ ಕೋಣೆಯಲ್ಲಿ ಸಿಕ್ಕವು. ಇವಾನ್ಸ್ ಪೊಲೀಸರ ಮುಂದೆ ಒಂದೊಂದು ಸಲ ಒಂದೊಂದು ಹೇಳಿದ, ತಪ್ಪೊಪ್ಪಿಕೊಂಡ, ಆಮೇಲೆ ಕೋರ್ಟಿನಲ್ಲಿ "ಮಾಡಿದ್ದು ಕೆಳಗಿನ ಮನೆಯ ಕ್ರಿಸ್ಟಿ" ಅಂದ. ಯಾರೂ ನಂಬಲಿಲ್ಲ. ಯಾಕೆಂದರೆ ಆ ಜಾನ್ ಕ್ರಿಸ್ಟಿಯೇ ಸರ್ಕಾರದ ಕಡೆಯ ಮುಖ್ಯ ಸಾಕ್ಷಿ. 1950ರ ಮಾರ್ಚ್‌ನಲ್ಲಿ ಇವಾನ್ಸ್‌ನನ್ನು ಗಲ್ಲಿಗೇರಿಸಿದರು. 25 ವರ್ಷ ವಯಸ್ಸು.

ಮೂರು ವರ್ಷ ಕಳೆಯಿತು. ಕ್ರಿಸ್ಟಿ ಮನೆ ಖಾಲಿ ಮಾಡಿದ. ಅದೇ ಕಟ್ಟಡದಲ್ಲಿದ್ದ ಇನ್ನೊಬ್ಬರು ಅಡುಗೆಮನೆ ಗೋಡೆಯ ಕಾಗದ ಕಿತ್ತರು. ಹಿಂದೆ ಮೂವರು ಹೆಂಗಸರ ಶವ. ನೆಲದ ಹಲಗೆಯಡಿ ಕ್ರಿಸ್ಟಿಯ ಹೆಂಡತಿಯ ಶವ. ತೋಟದಲ್ಲಿ ಇನ್ನಿಬ್ಬರ ಮೂಳೆಗಳು. ಆ ಇಬ್ಬರು ಇವಾನ್ಸ್ ಕೇಸಿಗೂ ಎಷ್ಟೋ ವರ್ಷ ಮೊದಲೇ ಸತ್ತವರು. ಅವರ ಒಂದು ತೊಡೆಮೂಳೆಯನ್ನು ತೋಟದ ಬೇಲಿಗೆ ಆಸರೆಯಾಗಿ ನಿಲ್ಲಿಸಿದ್ದ. ಇವಾನ್ಸ್ ಕೇಸಿನಲ್ಲಿ ಅಲ್ಲಿ ಹುಡುಕಿದ್ದ ಪೊಲೀಸರ ಕಣ್ಣಿಗೆ ಅದು ಬಿದ್ದಿರಲಿಲ್ಲ.

ಲೆಕ್ಕ ಹಾಕಿ ನೋಡಿ. ಇವಾನ್ಸ್‌ನನ್ನು ನೇಣಿಗೆ ಹಾಕಿದ ಮೇಲೆ ಕ್ರಿಸ್ಟಿ ನಾಲ್ವರು ಹೆಂಗಸರನ್ನು ಕೊಂದ. "ನಿಮ್ಮ ಮನೆಯವರಿಗೇ ಹೀಗಾಗಿದ್ದರೆ ಆಗಲೂ ಗಲ್ಲು ಬೇಡ ಅಂತೀರಾ?" ಎಂದು ಕೇಳುವವರಿಗೆ ನಾನು ಈ ನಾಲ್ವರ ಬಗ್ಗೆ ಹೇಳುತ್ತೇನೆ. ತಪ್ಪು ಮನುಷ್ಯನಿಗೆ ಶಿಕ್ಷೆಯಾದರೆ ಸತ್ತವರ ಮನೆಯವರಿಗೆ ನ್ಯಾಯ ಸಿಗುವುದಿಲ್ಲ. ಕೊಂದವನು ಹೊರಗೇ ಇರುತ್ತಾನೆ, ಅವನನ್ನು ಹುಡುಕುವವರೂ ಇರುವುದಿಲ್ಲ. ಇವಾನ್ಸ್‌ಗೆ ಕ್ಷಮಾದಾನ ಕೊಟ್ಟದ್ದು 1966ರಲ್ಲಿ. ಅಷ್ಟು ಹೊತ್ತಿಗೆ ಸತ್ತು 16 ವರ್ಷ.

ಭಾರತದ ಸುಪ್ರೀಂ ಕೋರ್ಟಿನಲ್ಲೂ ಒಂದು ಕೇಸು ನಡೆದಿದೆ. 2009ರಲ್ಲಿ ಕೊಲೆ ಕೇಸೊಂದರಲ್ಲಿ ಮಹಾರಾಷ್ಟ್ರದ ಆರು ಜನರಿಗೆ ಆ ಕೋರ್ಟು ಮರಣದಂಡನೆ ಖಾಯಂ ಮಾಡಿತು. ಅವರಲ್ಲಿ ಮೂವರಿಗೆ ಹೈಕೋರ್ಟು ಜೀವಾವಧಿಗೆ ಇಳಿಸಿದ್ದನ್ನೂ ಮತ್ತೆ ಗಲ್ಲಿಗೆ ಏರಿಸಿತು. ಹತ್ತು ವರ್ಷದ ಮೇಲೆ, 2019ರ ಮಾರ್ಚ್‌ನಲ್ಲಿ, ಅದೇ ಸುಪ್ರೀಂ ಕೋರ್ಟು ಆರೂ ಜನರನ್ನು ನಿರಪರಾಧಿಗಳೆಂದು ಬಿಟ್ಟಿತು. ಬದುಕುಳಿದ ಸಾಕ್ಷಿಯೊಬ್ಬರು ಘಟನೆಯಾದ ಹೊಸದರಲ್ಲೇ ಪೊಲೀಸರ ಬಳಿಯಿದ್ದ ಫೋಟೊಗಳಲ್ಲಿ ಬೇರೆ ನಾಲ್ವರನ್ನು ಗುರುತಿಸಿದ್ದರು. ಆ ನಾಲ್ವರ ಹಿಂದೆ ತನಿಖೆ ಹೋಗಲೇ ಇಲ್ಲ. ಈ ಆರು ಜನ ಅಲೆಮಾರಿ ಸಮುದಾಯದ ಬಡವರು. 2009ರ ತೀರ್ಪಿನ ಮರುವಾರವೇ ಗಲ್ಲಿಗೇರಿಸಿದ್ದರೆ? ಈ ಪ್ರಶ್ನೆ ನನ್ನನ್ನು ಬಿಟ್ಟು ಹೋಗುವುದಿಲ್ಲ. "ಇಷ್ಟು ವರ್ಷ ಸುಮ್ನೆ ಜೈಲಲ್ಲಿಟ್ಟು ಯಾಕೆ ಸಾಕಬೇಕು, ಬೇಗ ಮುಗಿಸಿ" ಎನ್ನುವ ಮಾತು ಎಷ್ಟು ಸಲ ಕೇಳಿದ್ದೇವೆ, ಅಲ್ವಾ?

"ಈಗ ಡಿಎನ್‌ಎ ಇದೆಯಲ್ಲ, ತಪ್ಪಾಗಲ್ಲ" ಎನ್ನುವವರೂ ಇದ್ದಾರೆ. ಡಿಎನ್‌ಎ ಎಲ್ಲ ಕೇಸಲ್ಲೂ ಸಿಗುವುದಿಲ್ಲ. ಅಮೆರಿಕದ ಟೆಕ್ಸಸ್‌ನಲ್ಲಿ ಕ್ಯಾಮರಾನ್ ಟಾಡ್ ವಿಲಿಂಗ್‌ಹ್ಯಾಮ್ ಎಂಬಾತನ ಮೂವರು ಪುಟ್ಟ ಹೆಣ್ಣುಮಕ್ಕಳು 1991ರಲ್ಲಿ ಮನೆಗೆ ಬೆಂಕಿ ಬಿದ್ದು ಸತ್ತರು. ತಂದೆಯೇ ಬೆಂಕಿ ಇಟ್ಟ ಎಂದರು. ನೆಲ ಸುಟ್ಟ ರೀತಿ, ಗಾಜು ಬಿರುಕು ಬಿಟ್ಟ ರೀತಿ ನೋಡಿ ತಜ್ಞರು ಹೇಳಿದ್ದು. ಅಂಥ ಗುರುತುಗಳು ಆಕಸ್ಮಿಕ ಬೆಂಕಿಯಲ್ಲೂ ಆಗುತ್ತವೆ ಎಂದು ಮುಂದೆ ವಿಜ್ಞಾನಿಗಳು ತೋರಿಸಿದರು. 2004ರಲ್ಲಿ ಆತನನ್ನು ಕೊಂದಾಗಿತ್ತು. ಇಲ್ಲಿ ಡಿಎನ್‌ಎಗೆ ಏನು ಕೆಲಸ?

ಕಣ್ಣಾರೆ ಕಂಡ ಸಾಕ್ಷಿ? ಕರ್ಕ್ ಬ್ಲಡ್ಸ್‌ವರ್ತ್ ಎಂಬಾತನನ್ನು ಅಮೆರಿಕದ ಮೇರಿಲ್ಯಾಂಡ್‌ನಲ್ಲಿ ಐವರು ಸಾಕ್ಷಿಗಳು ಗುರುತಿಸಿದ್ದರು. ಐವರೂ ತಪ್ಪಿದ್ದರು. 1993ರಲ್ಲಿ ಡಿಎನ್‌ಎ ಆತನನ್ನು ಬಿಡಿಸಿತು. 'ಪ್ರತ್ಯಕ್ಷವಾಗಿ ಕಂಡರೂ ಪ್ರಮಾಣಿಸಿ ನೋಡು' ಎನ್ನುತ್ತೇವೆ. ಪ್ರಮಾಣಿಸಿ ನೋಡಲು ಸಮಯ ಬೇಕು. 1973ರಿಂದ ಈಚೆಗೆ ಅಮೆರಿಕವೊಂದರಲ್ಲೇ ಮರಣದಂಡನೆಯಾಗಿದ್ದ ಕನಿಷ್ಠ 200 ಜನ ಹೀಗೆ ದೋಷಮುಕ್ತರಾಗಿ ಹೊರಬಂದಿದ್ದಾರೆ. ಸಮಯ ಸಿಕ್ಕಿದವರ ಲೆಕ್ಕ ಮಾತ್ರ ಇದು.

ಕೊಲೆಗಾರರನ್ನು ಬಿಟ್ಟುಬಿಡಿ ಅಂತ ನಾನು ಹೇಳುತ್ತಿಲ್ಲ. ಜೈಲಲ್ಲಿಡಿ. ಬೇಕಿದ್ದರೆ ಸಾಯುವವರೆಗೂ ಇಡಿ. ತಪ್ಪಾಗಿದೆ ಎಂದು ಗೊತ್ತಾದ ದಿನ ಬಾಗಿಲು ತೆಗೆಯಲು ಒಳಗೆ ಒಬ್ಬ ಮನುಷ್ಯ ಇರಲಿ.

2024ರ ಅಕ್ಟೋಬರ್‌ನಲ್ಲಿ ಶಿಜುವೊಕಾದ ಪೊಲೀಸ್ ಮುಖ್ಯಸ್ಥರು ಹಕಮಾಡ ಅವರ ಮನೆಗೆ ಹೋದರು. ಅಕ್ಕ ತಮ್ಮನ ಮುಂದೆ ನಿಂತು, ತಲೆ ಬಾಗಿಸಿ, 58 ವರ್ಷಗಳ ಸಂಕಟಕ್ಕೆ ಕ್ಷಮೆ ಕೇಳಿದರು. ಅದು ಆ ಮುದುಕರಿಗೆ ಎಷ್ಟು ಅರ್ಥವಾಯಿತೋ. ಆದರೆ ಕ್ಷಮೆ ಕೇಳಿಸಿಕೊಳ್ಳಲು ಅವರು ಆ ಕೋಣೆಯಲ್ಲಿ ಕೂತಿದ್ದರು.