ಮರಳಿ ಬರುವ ಗುರುತು

ಬಾನುಲಿ ಕೇಳುಗರೆಲ್ಲರಿಗೂ ನಮಸ್ಕಾರ. ರೇಷ್ಮೆ ಹುಳುಮನೆಯಲ್ಲಿ ಸೊಪ್ಪು ಹಾಕುತ್ತಲೋ, ಡೇರಿಗೆ ಹಾಲು ಹಾಕಿ ಮನೆಗೆ ಮರಳುತ್ತಲೋ ಈ ಮಾತುಗಳನ್ನು ಕೇಳುತ್ತಿರುವ ಶಿಡ್ಲಘಟ್ಟ, ಚಿಂತಾಮಣಿ, ಗೌರಿಬಿದನೂರು ಕಡೆಯವರನ್ನು ಮನಸ್ಸಿನಲ್ಲಿಟ್ಟುಕೊಂಡೇ ಮಾತನಾಡುತ್ತಿದ್ದೇನೆ. ಬೇರೆ ಬೇರೆ ಲೋಕಗಳ ಕಾಲವನ್ನು ಅಳೆಯುವುದಕ್ಕೆಂದೇ ನಮ್ಮ ಚಿಕ್ಕಬಳ್ಳಾಪುರ ಜಿಲ್ಲೆಯಲ್ಲಿ ಒಂದು ವೀಕ್ಷಣಾಲಯ ಕಟ್ಟಿದರೆ, ಅದಕ್ಕೆ ಮೊದಲು ಏನು ಬೇಕು? ಶಾಲೆಗಳಲ್ಲಿ ಈ ಪ್ರಶ್ನೆ ಕೇಳಿದಾಗಲೆಲ್ಲ ಮಕ್ಕಳು ದೊಡ್ಡ ಗಡಿಯಾರ ಎನ್ನುತ್ತಾರೆ, ಮೇಷ್ಟರುಗಳೂ ತಲೆಯಾಡಿಸುತ್ತಾರೆ. ನಾನು ಒಪ್ಪುವುದಿಲ್ಲ. ಮೊದಲು ಬೇಕಾದದ್ದು ಒಂದು ಗುರುತು, ಹೋಗಿ ಮರಳಿ ಬರುವ ಗುರುತು. ಅದು ಸಿಕ್ಕರೆ ಎಷ್ಟು ದೂರದ ಲೋಕದ ಹಗಲಿರುಳನ್ನಾದರೂ ಎಣಿಸಬಹುದು.

ವೀಕ್ಷಣಾಲಯ ಕಲ್ಪನೆಯದಾದರೂ ಅದಕ್ಕೆ ತಕ್ಕ ನೆಲ ನಮ್ಮಲ್ಲಿದೆ. ಭಾರತೀಯ ಖಭೌತ ವಿಜ್ಞಾನ ಸಂಸ್ಥೆ ಮತ್ತು ರಾಮನ್ ಸಂಶೋಧನಾ ಸಂಸ್ಥೆ ಎರಡೂ ಸೇರಿ ಗೌರಿಬಿದನೂರಿನ ಬಳಿ 1976ರಲ್ಲಿ ಆರಂಭಿಸಿದ ಕೇಂದ್ರದಲ್ಲಿ 1,000 ಆಂಟೆನಾಗಳು ಇಂಗ್ಲಿಷಿನ ‘ಟಿ’ ಅಕ್ಷರದ ಆಕಾರದಲ್ಲಿ, ಪೂರ್ವದಿಂದ ಪಶ್ಚಿಮಕ್ಕೆ ಸುಮಾರು 1.4 ಕಿಲೋಮೀಟರ್ ಉದ್ದಕ್ಕೆ ಸಾಲುಗಟ್ಟಿ ನಿಂತು ಆಕಾಶದ ರೇಡಿಯೋ ಅಲೆಗಳನ್ನು ಹಿಡಿಯುತ್ತಿದ್ದವು. ಗಾಜಿನ ದುರ್ಬೀನು ಕಾಣಲು ಹೋದ ನನಗೆ ದ್ರಾಕ್ಷಿ ಚಪ್ಪರದಂಥ ತಂತಿಗಳು ಕಂಡವು.

ಆ ಹುಮ್ಮಸ್ಸಿನಲ್ಲಿ, ಕಾಲೇಜಿನ ದಿನಗಳಲ್ಲಿ, ಶಿಡ್ಲಘಟ್ಟದ ಆಚೆ ಒಬ್ಬ ರೈತರ ಹಿಪ್ಪುನೇರಳೆ ತೋಟದಲ್ಲಿ ಎರಡು ಬಿದಿರು ಗಳಗಳನ್ನು ನೆಟ್ಟು, ನಡುವೆ 7 ಮೀಟರ್ ತಾಮ್ರದ ತಂತಿ ಕಟ್ಟಿ, ಅದನ್ನು ಶಾರ್ಟ್‌ವೇವ್ ರೇಡಿಯೋಗೆ ಜೋಡಿಸಿಕೊಂಡು ಗುರುಗ್ರಹದ ಸದ್ದಿಗಾಗಿ ಕಾದು ಕುಳಿತೆ. ಗುರುವು ಆಗಾಗ 20 ಮೆಗಾಹರ್ಟ್ಸ್ ಆಸುಪಾಸಿನಲ್ಲಿ ರೇಡಿಯೋ ಅಲೆಗಳನ್ನು ರಭಸದಿಂದ ಹೊರಚೆಲ್ಲುತ್ತದೆ. ಬರ್ನಾರ್ಡ್ ಬರ್ಕ್ ಮತ್ತು ಕೆನೆತ್ ಫ್ರಾಂಕ್ಲಿನ್ ಅಮೆರಿಕದಲ್ಲಿ 1955ರಲ್ಲಿ ಇದನ್ನು ಕಂಡುಹಿಡಿದಿದ್ದರು. ಮೂರು ರಾತ್ರಿ ನನಗೇನೂ ದಕ್ಕಲಿಲ್ಲ. ತ್ರೀ ಫೇಸ್ ಕರೆಂಟು ಬಂದೊಡನೆ ಸುತ್ತಲಿನ ಬೋರ್‌ವೆಲ್ ಮೋಟಾರುಗಳೆಲ್ಲ ಎದ್ದು ರೇಡಿಯೋ ತುಂಬ ಗರಗರ ಎನ್ನುವುದು. ತೋಟದ ಯಜಮಾನರು ಹೇಗೂ ಕರೆಂಟಿಗಾಗಿ ರಾತ್ರಿಯೆಲ್ಲ ಎಚ್ಚರವಿರುತ್ತಿದ್ದವರು, ನನ್ನ ಪಕ್ಕದಲ್ಲೇ ಕಂಬಳಿ ಹೊದ್ದು ಕೂರುತ್ತಿದ್ದರು. ನಾಲ್ಕನೆಯ ರಾತ್ರಿ ಕರೆಂಟು ಹೋಗಿ ಎಲ್ಲವೂ ನಿಶ್ಶಬ್ದವಾದ ಮೇಲೆ, ಎರಡು ಗಂಟೆಯ ಹೊತ್ತಿಗೆ, ಸರಸರನೆ ಏರಿ ಇಳಿಯುವ ಸದ್ದೊಂದು ಬಂತು. “ಏನಪ್ಪಾ ಇದು, ನಾಲ್ಕನೇ ಜ್ವರ ಎದ್ದ ಹುಳ ಸೊಪ್ಪು ತಿಂದಂಗೈತಲ್ಲ!” ಎಂದರು. ಅದಕ್ಕಿಂತ ಒಪ್ಪುವ ಹೋಲಿಕೆಯನ್ನು ನಾನು ಇವತ್ತಿನವರೆಗೂ ಕೇಳಿಲ್ಲ. ನಾನು ಸಂತೋಷದಿಂದ ಕೂಗಾಡುತ್ತಿದ್ದರೆ ಅವರು ಕೇಳಿದ್ದು ಒಂದೇ ಮಾತು: “ಮತ್ತೆ ಯಾವಾಗ ಬತ್ತೈತೆ?”

ಕೇಳಬೇಕಾದ ಪ್ರಶ್ನೆ ಅದೇ. ಗುರುವು ತನ್ನ ಸುತ್ತ ತಾನು ತಿರುಗಲು 9 ಗಂಟೆ 55 ನಿಮಿಷ ಸಾಕು. ಅದರ ಉಪಗ್ರಹ ಅಯೋ ಗುರುವನ್ನು ಸುತ್ತಲು ನಲವತ್ತೆರಡೂವರೆ ಗಂಟೆ ಬೇಕು. ಗುರುವಿನ ಒಂದು ಮುಖ ನಮ್ಮ ಕಡೆಗಿದ್ದು, ಅಯೋ ಕೂಡ ತನ್ನ ದಾರಿಯ ಒಂದು ಜಾಗದಲ್ಲಿದ್ದಾಗ ಆ ಸದ್ದು ಏಳುತ್ತದೆ. ಗುರು 17 ಸುತ್ತು ತಿರುಗುವಷ್ಟರಲ್ಲಿ ಅಯೋ ಹೆಚ್ಚುಕಡಿಮೆ 4 ಸುತ್ತು ಬಂದಿರುತ್ತದೆ, ಆ ಹೊತ್ತಿಗೆ ನಮ್ಮಲ್ಲಿ ಏಳು ದಿನ ಕಳೆದು ಮೇಲೊಂದು ಗಂಟೆಯಾಗಿರುತ್ತದೆ. ಮುಂದಿನ ವಾರ ಅದೇ ರಾತ್ರಿ, ಮೂರು ಗಂಟೆಯ ಸುಮಾರಿಗೆ, ಸದ್ದು ಮರಳಿತು. ಯಜಮಾನರಿಗೆ ಇದರಲ್ಲಿ ಆಶ್ಚರ್ಯವೇನೂ ಕಾಣಲಿಲ್ಲ. ಹುಳು ನಾಲ್ಕು ಸಲ ಪೊರೆ ಕಳಚುವುದನ್ನು ಜ್ವರವೆಂದು ಎಣಿಸಿಯೇ ಅದರ ವಯಸ್ಸು ಹೇಳುವ ಮನೆತನ ಅವರದು. ಗುರುವಿನ ಕಾಲ ಎಂದೊಡನೆ ಜಾತಕ ತೆರೆಯುವವರನ್ನು ಕಂಡರೆ ನನಗೆ ಬೇಸರವಾಗುತ್ತದೆ. ಅವರಿಗಿಂತ ಚೆನ್ನಾಗಿ ಈ ರೈತರಿಗೆ ಅದು ಅರ್ಥವಾಗಿತ್ತು.

ಸಮಯ ಕಡಿಮೆಯಿದೆ, ಉಳಿದ ಲೋಕಗಳನ್ನು ಬೇಗ ನೋಡಿಬಿಡೋಣ. ಮಂಗಳದ ಮೇಲಿನ ಕಪ್ಪು ಮಚ್ಚೆಯೊಂದನ್ನು ಡಚ್ ವಿಜ್ಞಾನಿ ಕ್ರಿಶ್ಚಿಯಾನ್ ಹೈಗೆನ್ಸ್ 1659ರಲ್ಲಿ ಗುರುತಿಸಿ, ಅದು ಮರಳುವುದನ್ನು ನೋಡಿ ಅಲ್ಲಿನ ದಿನ ನಮ್ಮ ದಿನದಷ್ಟೇ ಇದೆ ಎಂದು ಕಂಡುಕೊಂಡ. ಇಂದಿನ ಲೆಕ್ಕದಲ್ಲಿ ಅದು 24 ಗಂಟೆ 39 ನಿಮಿಷ. ಶುಕ್ರ ದುರ್ಬೀನಿಗೆ ಮಂಗಳಕ್ಕಿಂತ ಹೊಳೆಯುವ ಗ್ರಹವಾದರೂ ಮೋಡ ಮುಚ್ಚಿದ ಅದರ ಮೈಮೇಲೆ ಗುರುತೇ ಸಿಗದೆ, 1960ರ ದಶಕದಲ್ಲಿ ರೇಡಾರ್ ಅಲೆಗಳು ಮೋಡ ದಾಟಿ ನೆಲ ಮುಟ್ಟಿ ಬರುವವರೆಗೆ ಅದರ ತಿರುಗು ಯಾರಿಗೂ ತಿಳಿಯಲಿಲ್ಲ. ಅಲ್ಲಿ ಸೂರ್ಯ ಪಶ್ಚಿಮದಲ್ಲಿ ಹುಟ್ಟುತ್ತಾನೆ. ಒಂದು ಸೂರ್ಯೋದಯದಿಂದ ಇನ್ನೊಂದಕ್ಕೆ ನಮ್ಮ 117 ದಿನ. ಶನಿಯ ಮೇಲೂ ನಿಂತ ಗುರುತಿಲ್ಲ. ಕಡೆಗೆ ಕ್ಯಾಸಿನಿ ಬಾಹ್ಯಾಕಾಶ ನೌಕೆ ಅದರ ಬಳೆಗಳಲ್ಲಿ ಕಂಡ ಅಲೆಗಳನ್ನು ಓದಿ, ಅಲ್ಲಿನ ದಿನ 10 ಗಂಟೆ 33 ನಿಮಿಷವೆಂದು ವಿಜ್ಞಾನಿಗಳು 2019ರಲ್ಲಿ ಹೇಳಿದರು. ನಮ್ಮ ಪಂಚಾಂಗದ 60 ಸಂವತ್ಸರಗಳ ಚಕ್ರವೂ ಗುರು ಸುಮಾರು ಐದು ಸಲ ಸೂರ್ಯನನ್ನು ಸುತ್ತಿಬರುವ ಕಾಲವೇ. ಇದರ ಬಗ್ಗೆಯೇ ಒಂದು ಭಾಷಣ ಮಾಡಬೇಕು.

ಇಂದು ರಾತ್ರಿ ನಿಮ್ಮ ಅಂಗಳದ ಒಂದೇ ಜಾಗದಲ್ಲಿ ನಿಂತು, ಯಾವುದಾದರೂ ನಕ್ಷತ್ರ ಮನೆಯ ಮೂಲೆಯ ಹಿಂದೆ ಮರೆಯಾಗುವ ಗಳಿಗೆಯನ್ನು ಬರೆದಿಡಿ. ನಾಳೆಯೂ ಅಲ್ಲೇ ನಿಲ್ಲಿ, ಆದರೆ ಆ ನಕ್ಷತ್ರ ನಾಳೆ ಬೇಗ ಮರೆಯಾಗುತ್ತದೆ, ನಾಲ್ಕು ನಿಮಿಷ ಮೊದಲೇ ಬನ್ನಿ. ನಮಸ್ಕಾರ.