ಹೆದರಿಕೆ ಕರಡಿಯದ್ದೇ ಇರಲಿ ಬಿಡಿ

ನಾಲ್ಕು ವರ್ಷದ ಮಗು ಗೊಂಬೆ ಕರಡಿಗೆ ಇಂಜೆಕ್ಷನ್ ಚುಚ್ಚುತ್ತಿದೆ. "ಅಳಬಾರದು, ಸುಮ್ನಿರು" ಅಂತ ಗದರುತ್ತಿದೆ. ಪಕ್ಕದಲ್ಲಿ ಕೂತ ದೊಡ್ಡವರು ಕೇಳ್ತಾರೆ: "ಹೆದರಿಕೆ ಆಗಿರೋದು ಕರಡಿಗಾ, ನಿಂಗಾ?" ಮಗು ಕರಡಿಯನ್ನ ಅಲ್ಲೇ ಬಿಟ್ಟು ಎದ್ದು ಹೋಗುತ್ತೆ. ಈ ಒಂದು ಪ್ರಶ್ನೆ ದಯವಿಟ್ಟು ಕೇಳಬೇಡಿ.

ಯಾಕಂದ್ರೆ ಸುಳ್ಳುಸುಳ್ಳೇ ಆಟದೊಳಗಿನ ಭಯ ಆಟಕ್ಕುಂಟು, ಲೆಕ್ಕಕ್ಕಿಲ್ಲ. ಮಗು ಅದನ್ನ ಮುಟ್ಟೋ ಧೈರ್ಯ ಮಾಡೋದೇ ಅದಕ್ಕೆ. ಸೋವಿಯತ್ ಮನಶ್ಶಾಸ್ತ್ರಜ್ಞ ಲೆವ್ ವೈಗಾಟ್‌ಸ್ಕಿ 1933ರ ಉಪನ್ಯಾಸದಲ್ಲಿ ಇದನ್ನ ಗುರುತಿಸಿದ್ದರು: ಆಟದಲ್ಲಿ ಮಗು ರೋಗಿಯಾಗಿ ಅಳುತ್ತೆ, ಆಡುವವನಾಗಿ ಖುಷಿಪಡುತ್ತೆ. ಎರಡೂ ಒಟ್ಟಿಗೆ. ಆಸ್ಪತ್ರೆಯಲ್ಲಿ ಸೂಜಿ ಬೇರೆಯವರ ಕೈಲಿತ್ತು, ಇಲ್ಲಿ ತನ್ನ ಕೈಲಿದೆ. ಬೇಕಾದಾಗ ಚುಚ್ಚಬಹುದು, ಬೇಡ ಅನ್ನಿಸಿದಾಗ ನಿಲ್ಲಿಸಬಹುದು. ನೀವು "ನಿಂಗಾ?" ಅಂದ ಕೂಡಲೇ ಎಲ್ಲಾ ಲೆಕ್ಕಕ್ಕೆ ಬಂತು.

ದಿನಕ್ಕೆ 10-15 ನಿಮಿಷ ಮಗುವಿನ ಜೊತೆ ನೆಲದ ಮೇಲೆ ಕೂತುಕೊಳ್ಳಿ, ಫೋನ್ ಬೇರೆ ಕೋಣೆಯಲ್ಲಿರಲಿ. ದೊಡ್ಡದೊಂದು ಚಿಕ್ಕದೊಂದು ಗೊಂಬೆ, ಒಂದು ಬಟ್ಟೆ, ರಟ್ಟಿನ ಡಬ್ಬ, ಚಮಚ ಸಾಕು. ಗುಂಡಿ ಒತ್ತಿದರೆ ಮಾತಾಡೋ ಗೊಂಬೆ ಬೇಡ, ಮಾತು ಮಗುವಿನದಾಗಬೇಕು. ನಿಮ್ಮ ಪಾತ್ರ ಯಾವುದು ಅಂತ ಅದೇ ಹೇಳಲಿ. ತೋಚದಿದ್ದರೆ ಪಿಸುದನಿಯಲ್ಲಿ "ಈಗ ನಾನೇನು ಅನ್ನಲಿ?" ಅಂತ ಕೇಳಿ. ಭಾವನೆಗೆ ಹೆಸರು ಕೊಡೋದಾದರೆ ಗೊಂಬೆಯ ಮೇಲಿಟ್ಟೇ ಕೊಡಿ: "ಕರಡಿ ಕೈ ಹಿಂದಕ್ಕೆ ಎಳ್ಕೊಳ್ತಿದೆ, ಹೆದರಿಕೆ ಆಗಿರಬೇಕು." ಆಮೇಲೆ ಮನಸ್ಸಲ್ಲೇ ಹತ್ತರವರೆಗೆ ಎಣಿಸಿ. ಬಹಳ ಜನ ಎಡವೋದು ಇಲ್ಲೇ. ಆ ಮೌನ ತಡೆಯೋಕಾಗದೆ "ನೋಡು, ಇಂಜೆಕ್ಷನ್ ಒಳ್ಳೇದು" ಅಂತ ಪಾಠ ಶುರುಮಾಡ್ತಾರೆ. ಬುದ್ಧಿಮಾತು ಕರಡಿಗಲ್ಲ, ತನಗೇ ಅಂತ ಮಗುವಿಗೆ ಚೆನ್ನಾಗಿ ಗೊತ್ತಾಗುತ್ತೆ.

ಗೊಂಬೆಗೆ ಹೊಡೆದರೆ ತಡೆಯಬೇಡಿ, ಬೈಯಬೇಡಿ. "ಅಯ್ಯೋ, ಈಗ ಇದಕ್ಕೆ ಏನು ಮಾಡೋಣ?" ಅಂತ ಕೇಳಿ. ಮನುಷ್ಯರಿಗೆ, ಪ್ರಾಣಿಗಳಿಗೆ ಹೊಡೆಯೋದು ಮಾತ್ರ ಆಟದಲ್ಲೂ ಇಲ್ಲ.

ಸುಳ್ಳುಸುಳ್ಳೇ ಆಟದ ಹೆಸರಲ್ಲಿ ದುಬಾರಿ ಆಟಿಕೆ, ಕೋರ್ಸ್ ಮಾರೋರನ್ನ ನಂಬಬೇಡಿ. 2013ರಲ್ಲಿ ಅಮೆರಿಕದ ಮನಶ್ಶಾಸ್ತ್ರಜ್ಞೆ ಆಂಜೆಲಿನ್ ಲಿಲಾರ್ಡ್ ಮತ್ತು ಸಂಗಡಿಗರು ಅದುವರೆಗಿನ ಅಧ್ಯಯನಗಳನ್ನ ಜಾಲಾಡಿ, ಮಕ್ಕಳ ಬೆಳವಣಿಗೆಗೆ ಇಂಥ ಆಟವೇ ಕಾರಣ ಅನ್ನೋಕೆ ಗಟ್ಟಿ ಪುರಾವೆ ಸಾಲದು ಅಂದರು. ಹಾಗಂತ ಆಟ ವ್ಯರ್ಥ ಅಂತಲ್ಲ. ಮಗು ಬಾಯಲ್ಲಿ ಹೇಳಲಾರದ್ದನ್ನ ಕರಡಿಯ ಕೈಲಿ ಹೇಳಿಸ್ತಿರುವಾಗ, ಕೇಳಿಸಿಕೊಳ್ಳೋಕೆ ಪುರಾವೆಗೆ ಕಾಯಬೇಕಾಗಿಲ್ಲ.

ಒಂದೇ ಆಟ ಇಪ್ಪತ್ತು ಸಲ ಆಡಿದರೂ ಗಾಬರಿ ಬೇಡ. ಒಂದು ದಿನ ಕರಡಿ ಓಡಿಹೋಗುತ್ತೆ, ಇನ್ನೊಂದು ದಿನ ಡಾಕ್ಟರಿಗೇ ಚುಚ್ಚುತ್ತೆ. ಹೀಗೆ ಕತೆ ಅಲ್ಲಾಡ್ತಿದ್ದರೆ ಒಳ್ಳೇದು. ಆದರೆ ವಾರಗಟ್ಟಲೆ ಅದೇ ಕೊನೆ, ಮುಖದಲ್ಲಿ ನಗುವಿಲ್ಲ, ಆಡಿ ಎದ್ದ ಮೇಲೆ ಇನ್ನಷ್ಟು ಹೆದರಿಕೆ, ರಾತ್ರಿ ನಿದ್ದೆಯಿಲ್ಲ ಅಂದ್ರೆ ಮಕ್ಕಳ ಆಪ್ತಸಮಾಲೋಚಕರನ್ನ ನೋಡಿ. ಹೋಗುವಾಗ ಆಟದಲ್ಲಿ ಏನು ನಡೆಯುತ್ತೆ, ಎಲ್ಲಿ ನಿಲ್ಲುತ್ತೆ, ವಾರಕ್ಕೆ ಎಷ್ಟು ಸಲ ಅನ್ನೋದನ್ನ ಬರೆದುಕೊಂಡು ಹೋಗಿ.