ಮತ್ತೆ ಬರೆದ ಹೆಸರುಗಳು: ಪ್ರಾಗ್‌ನ ಯಹೂದಿ ಕೇರಿಯಲ್ಲಿ ಒಂದು ನಡಿಗೆ

ಕೇಳುಗರಿಗೆ ನಮಸ್ಕಾರ.

ಚೆಕ್ ದೇಶದ ರಾಜಧಾನಿ ಪ್ರಾಗ್ ನಗರದ ಯಹೂದಿ ಕೇರಿಗೆ ನಾನು ಮೊದಲ ಸಲ ಹೋದದ್ದು ಒಂದು ಶನಿವಾರ. ಎಂಥ ದಡ್ಡತನ ನೋಡಿ. ಯಹೂದಿಗಳಿಗೆ ಶನಿವಾರ ಸಬ್ಬತ್, ವಾರದ ಬಿಡುವಿನ ದಿನ. ಶುಕ್ರವಾರ ಹೊತ್ತು ಮುಳುಗುವಾಗ ಶುರುವಾದರೆ ಶನಿವಾರ ಕತ್ತಲಾಗುವವರೆಗೂ ಕೆಲಸ ಮುಟ್ಟುವ ಹಾಗಿಲ್ಲ. ಮ್ಯೂಸಿಯಂ ಮುಚ್ಚಿತ್ತು. ಸ್ಮಶಾನದ ಗೇಟಿಗೂ ಬೀಗ. ಅಷ್ಟು ದೂರ ಬಂದು ಹೋಟೆಲಿಗೆ ವಾಪಸ್ ಹೋಗೋದು ಯಾಕೆ ಅಂತ ಸುಮ್ನೆ ಬೀದಿ ಸುತ್ತಿದೆ.

ಸುತ್ತುವಾಗ ತಲೆ ಎತ್ತಿದರೆ ಒಂದು ಗಡಿಯಾರ ಕಾಣಿಸಿತು. ಯಹೂದಿಗಳ ಪುರಭವನದ ಗಡಿಯಾರ ಅದು. ಗೋಪುರದ ಮೇಲೆ ಮಾಮೂಲಿ ಗಡಿಯಾರವೂ ಇದೆ. ಅದರ ಕೆಳಗೆ ಇನ್ನೊಂದು. ಅದರಲ್ಲಿ ಅಂಕಿಗಳ ಜಾಗದಲ್ಲಿ ಹೀಬ್ರೂ ಅಕ್ಷರಗಳು. ಹೀಬ್ರೂವಿನಲ್ಲಿ ಅಕ್ಷರವೇ ಅಂಕಿಯೂ ಹೌದು, ಮೊದಲ ಅಕ್ಷರ ಅಲೆಫ್ ಅಂದರೆ ಒಂದು, ಬೇತ್ ಅಂದರೆ ಎರಡು. ಆ ಲಿಪಿಯನ್ನು ಓದುವುದು ಬಲದಿಂದ ಎಡಕ್ಕೆ. ಹಾಗಾಗಿ ಗಡಿಯಾರದ ಮುಳ್ಳುಗಳೂ ಅಪ್ರದಕ್ಷಿಣೆ ಹಾಕುತ್ತವೆ! ನಾನು ಐದು ನಿಮಿಷ ಕತ್ತು ನೋಯುವವರೆಗೆ ನೋಡುತ್ತಾ ನಿಂತಿದ್ದೆ, ದೊಡ್ಡ ಮುಳ್ಳು ನಿಜಕ್ಕೂ ಹಿಂದಕ್ಕೆ ಹೋಗುತ್ತಾ ಅಂತ. ಹೋಯಿತು.

ಆ ದಿನ ಇನ್ನೊಂದು ವಿಷಯ ಗಮನಕ್ಕೆ ಬಂತು. ಇದು ಬಹಳ ಹಳೆಯ ಕೇರಿ ಅಂತ ಕೇಳಿದ್ದೆ. ಇಕ್ಕಟ್ಟಾದ ಓಣಿಗಳು ಇರಬಹುದು ಅಂದುಕೊಂಡಿದ್ದೆ. ಆದರೆ ನಡುವೆ ಅಗಲವಾದ ರಸ್ತೆ, ಎರಡೂ ಕಡೆ ಸಾಲುಮರ, ಗಾಜಿನ ಹಿಂದೆ ದುಬಾರಿ ಕೈಚೀಲ, ವಾಚು. ಆ ರಸ್ತೆಗೆ ಪ್ಯಾರಿಸ್ ಬೀದಿ ಅಂತಲೇ ಹೆಸರು. ಹಳೆಯ ಕೇರಿ ಎಲ್ಲಿ ಹೋಯಿತು?

ಈ ಪ್ರಶ್ನೆ ಇಟ್ಟುಕೊಂಡೇ ಭಾನುವಾರ ಬೆಳಿಗ್ಗೆ ಗೈಡ್ ಜೊತೆ ಹೊರಟ ಗುಂಪಿಗೆ ಸೇರಿಕೊಂಡೆ. ಐವತ್ತು ದಾಟಿದ ಹೆಂಗಸು, ಕೈಯಲ್ಲಿ ಮಡಚಿದ ಕೊಡೆ, ದನಿ ಸಣ್ಣದು. ಕೇಳಿಸಬೇಕಾದರೆ ಎಲ್ಲರೂ ಹತ್ತಿರ ನಿಲ್ಲಬೇಕಿತ್ತು. ನನ್ನ ಪ್ರಶ್ನೆಗೆ ಆಕೆ ಹಳೆಯ ಕೇರಿಯ ಒಂದು ನಕ್ಷೆ ತೆಗೆದು ತೋರಿಸಿದರು.

ಕಥೆ ಹೀಗಿದೆ. ಯಹೂದಿಗಳು ಪ್ರಾಗ್‌ನಲ್ಲಿ ಸಾವಿರ ವರ್ಷದಿಂದ ಇದ್ದಾರೆ. ಅದರಲ್ಲಿ ನೂರಾರು ವರ್ಷ ಅವರು ಈ ಕೇರಿಯೊಳಗೇ ಇರಬೇಕಿತ್ತು. 1744ರಲ್ಲಿ ಆಗ ಈ ನಾಡನ್ನು ಆಳುತ್ತಿದ್ದ ರಾಣಿ ಮರಿಯಾ ತೆರೇಸಾ ಇವರನ್ನೆಲ್ಲ ಊರಿನಿಂದಲೇ ಓಡಿಸಿದಳು. ನಾಲ್ಕು ವರ್ಷದ ಮೇಲೆ ಮತ್ತೆ ಒಳಗೆ ಬಿಟ್ಟರು. ಅವಳ ಮಗ ಎರಡನೇ ಜೋಸೆಫ್ ಬೇರೆ ಥರದವನು. 1781ರ ಒಂದು ಆಜ್ಞೆಯಿಂದ ಹಲವು ಕಟ್ಟುಪಾಡುಗಳನ್ನು ಸಡಿಲಿಸಿದ. ಆ ನೆನಪಿಗೆ 1850ರಲ್ಲಿ ಕೇರಿಗೆ ಯೋಸೆಫೊವ್ ಅಂತ ಹೆಸರಾಯಿತು. ಅಷ್ಟು ಹೊತ್ತಿಗೆ ಎಲ್ಲಿ ಬೇಕಾದರೂ ಮನೆ ಮಾಡುವ ಸ್ವಾತಂತ್ರ್ಯ ಬಂದಿತ್ತು. ಕೈಯಲ್ಲಿ ಕಾಸಿದ್ದವರು ಹೊರಗೆ ಹೋದರು, ಬಡವರು ಉಳಿದರು. ಕೇರಿ ಕೊಳಕಾಯಿತು, ಕಾಯಿಲೆ ಹೆಚ್ಚಾಯಿತು. 1893ರಲ್ಲಿ ಕಾನೂನು ಬಂತು. ಆಮೇಲೆ ಊರಿನ ಆಡಳಿತ ಇಡೀ ಕೇರಿಯನ್ನೇ ಕೆಡವಲು ಶುರು ಮಾಡಿತು. ಮನೆಗಳು ಹೋದವು, ಓಣಿಗಳು ಹೋದವು, ಮೂರು ಸಿನಗಾಗ್‌ಗಳೂ, ಅಂದರೆ ಯಹೂದಿಗಳ ಪ್ರಾರ್ಥನಾ ಮಂದಿರಗಳೂ ಹೋದವು. ಉಳಿದದ್ದು ಆರು ಸಿನಗಾಗ್, ಪುರಭವನ, ಸ್ಮಶಾನ, ಅಷ್ಟೇ. ನಾವು ನಡೆದದ್ದು ಆ ಉಳಿಕೆಯ ನಡುವೆ. ವೇಗವಾಗಿ ನಡೆದರೆ ಹತ್ತು ನಿಮಿಷದಲ್ಲಿ ದಾಟಿಬಿಡಬಹುದು. ನಮಗೆ ಮೂರು ಗಂಟೆ ಹಿಡಿಯಿತು.

ಮೊದಲು ಮೈಸೆಲ್ ಸಿನಗಾಗ್. 1592ರಲ್ಲಿ ಮೊರ್ದೆಖೈ ಮೈಸೆಲ್ ಎಂಬ ಸಾಹುಕಾರ ಕಟ್ಟಿಸಿದ್ದು. ಚಕ್ರವರ್ತಿ ಎರಡನೇ ರುಡಾಲ್ಫನಿಗೇ ಸಾಲ ಕೊಡುತ್ತಿದ್ದ ಆಸಾಮಿ. ನಾನು ಶನಿವಾರ ನೋಡಿದ ಆ ಪುರಭವನಕ್ಕೂ ದುಡ್ಡು ಹಾಕಿದವನು ಇವನೇ. 1601ರಲ್ಲಿ ಅವನು ತೀರಿಕೊಂಡ ಮೇಲೆ ಅರಮನೆಯವರು ಅವನ ಆಸ್ತಿ ಜಪ್ತಿ ಮಾಡಿದರು. ಸಾಲ ತೀರಿಸುವ ಸುಲಭ ದಾರಿ ಅಲ್ವಾ!

ಅಲ್ಲಿಂದ ಹಳೆ-ಹೊಸ ಸಿನಗಾಗ್. ಹೆಸರೇ ಹಾಗೆ. ಮೊದಲು ಅದು ಹೊಸದು ಅಂತ ಕರೆಸಿಕೊಳ್ಳುತ್ತಿತ್ತಂತೆ. ಆಮೇಲೆ ಬೇರೆ ಹೊಸವು ಬಂದವು, ಆಗ ಇದು ಹಳೆ-ಹೊಸದಾಯಿತು. ಕಟ್ಟಿದ್ದು 1270ರ ಸುಮಾರಿಗೆ. ಈಗಲೂ ಪ್ರಾರ್ಥನೆ ನಡೆಯುವ ಸಿನಗಾಗ್‌ಗಳಲ್ಲಿ ಯುರೋಪಿಗೇ ಇದು ಹಳೆಯದು. ನಾವು ದೇವಸ್ಥಾನದ ಬಾಗಿಲಲ್ಲಿ ಚಪ್ಪಲಿ ಬಿಡುವವರು. ಇಲ್ಲಿ ಚಪ್ಪಲಿಯ ಚಿಂತೆ ಇಲ್ಲ, ಗಂಡಸರು ತಲೆ ಮುಚ್ಚಬೇಕು. ನಾನು ಅಭ್ಯಾಸಬಲದಿಂದ ಶೂ ದಾರಕ್ಕೆ ಕೈ ಹಾಕಿ, ಪಕ್ಕದವರು ನಕ್ಕ ಮೇಲೆ ಬಿಟ್ಟೆ.

ಒಳಗೆ ಕೆಲವು ಮೆಟ್ಟಿಲು ಇಳಿಯಬೇಕು. ಬೆಳಕು ಕಡಿಮೆ. ಎರಡು ದಪ್ಪ ಕಂಬ, ಅದರ ಮೇಲೆ ಕಮಾನಿನ ಚಾವಣಿ. ಒಂದೊಂದು ಕಮಾನಿಗೂ ಐದೈದು ಕಲ್ಲಿನ ಪಟ್ಟಿ. ನಾಲ್ಕಿದ್ದರೆ ಶಿಲುಬೆಯ ಆಕಾರ ಬಂದುಬಿಡುತ್ತಿತ್ತು, ಅದಕ್ಕೇ ಐದನೆಯದು ಸೇರಿಸಿದರು ಅನ್ನುವವರಿದ್ದಾರೆ. ಕಟ್ಟಡದ ವಿಷಯ ಬಲ್ಲವರೆಲ್ಲ ಇದನ್ನು ಒಪ್ಪುವುದಿಲ್ಲ. ಗೋಡೆಯಲ್ಲಿ ಸಣ್ಣ ಸಂದುಗಳಿವೆ. ಹೆಂಗಸರು ಆಚೆ ಕೋಣೆಯಲ್ಲಿ ಕೂತು ಆ ಸಂದಿನಿಂದ ಪ್ರಾರ್ಥನೆ ಕೇಳಬೇಕು. ಗುಂಪಿನ ಒಬ್ಬ ಹುಡುಗಿ ಆ ಸಂದಿಗೆ ಕಣ್ಣಿಟ್ಟು ನೋಡಿ, ಏನೂ ಕಾಣಲ್ಲ ಅಂತ ಮುಖ ಸಿಂಡರಿಸಿದಳು.

1389ರ ಈಸ್ಟರ್ ಸಮಯದಲ್ಲಿ ಊರಿನ ಜನ ಈ ಕೇರಿಗೆ ನುಗ್ಗಿ ಕೊಂದರು, ಸುಟ್ಟರು. ಬದುಕಿ ಉಳಿದವರಲ್ಲಿ ಅವಿಗ್ದೊರ್ ಕಾರಾ ಅನ್ನುವ ಕವಿ ಒಬ್ಬ. ಅವನು ಕಂಡದ್ದನ್ನು ಶೋಕಗೀತೆಯಾಗಿ ಬರೆದ. ಯಹೂದಿಗಳ ದೊಡ್ಡ ಉಪವಾಸದ ದಿನ ಯೋಮ್ ಕಿಪ್ಪುರ್. ಆ ದಿನ ಇಲ್ಲಿ ಆ ಗೀತೆಯನ್ನು ಇವತ್ತಿಗೂ ಓದುತ್ತಾರೆ.

ಹೊರಗೆ ಬಂದ ಮೇಲೆ ಎಲ್ಲರ ಕಣ್ಣೂ ಮೇಲಕ್ಕೆ. ಗೋಡೆಗೆ ಬಡಿದ ಕಬ್ಬಿಣದ ಹಿಡಿಗಳು ಏಣಿಯಂತೆ ಅಟ್ಟದ ಪುಟ್ಟ ಬಾಗಿಲಿಗೆ ಹೋಗುತ್ತವೆ. ಅಟ್ಟದಲ್ಲಿ ಗೋಲೆಮ್ ಇದೆಯಂತೆ. ರಬ್ಬಿ ಅಂದರೆ ಯಹೂದಿಗಳ ಧರ್ಮಗುರು. ರಬ್ಬಿ ಲೋವ್ ಎಂಬ ದೊಡ್ಡ ಪಂಡಿತರು ವಲ್ಟಾವಾ ನದಿಯ ಜೇಡಿಮಣ್ಣಿನಿಂದ ಒಂದು ಆಳನ್ನು ಮಾಡಿ, ಅದರ ಬಾಯಲ್ಲಿ ದೇವರ ಹೆಸರು ಬರೆದ ಚೀಟಿ ಇಟ್ಟರು, ಅದಕ್ಕೆ ಜೀವ ಬಂತು, ಕೇರಿಯನ್ನು ಕಾಯಿತು. ಚೀಟಿ ತೆಗೆದರೆ ಬರೀ ಮಣ್ಣು. ಇನ್ನೊಂದು ಹೇಳಿಕೆಯಲ್ಲಿ ಚೀಟಿ ಇಲ್ಲ. ಹಣೆಯ ಮೇಲೆ ಎಮೆತ್ ಅಂತ ಬರೆದಿರುತ್ತದೆ, ಅಂದರೆ ಸತ್ಯ. ಮೊದಲ ಅಕ್ಷರ ಅಳಿಸಿದರೆ ಉಳಿಯುವುದು ಮೆತ್, ಅಂದರೆ ಸತ್ತ. ಒಂದೇ ಒಂದು ಅಕ್ಷರದಲ್ಲಿ ಜೀವ, ಸಾವು ಎರಡೂ ಇವೆ. ನಿಜ ಹೇಳಬೇಕೆಂದರೆ ಲೋವ್ ಅವರ ಕಾಲದ ಯಾವ ಬರಹದಲ್ಲೂ ಈ ಗೋಲೆಮ್ ಕಥೆ ಇಲ್ಲ. ಅವರು ತೀರಿಕೊಂಡು ಇನ್ನೂರು ವರ್ಷ ಕಳೆದ ಮೇಲೆ ಅಚ್ಚಿನಲ್ಲಿ ಬಂದದ್ದು. ಆದರೆ ಗೈಡ್ ಇದನ್ನು ಹೇಳಿದಾಗ ಗುಂಪಿನಲ್ಲಿ ಯಾರಿಗೂ ಖುಷಿಯಾಗಲಿಲ್ಲ.

ಲೋವ್ ಅವರ ಸಮಾಧಿಯೇನೋ ನಿಜವೇ. 1609ರಲ್ಲಿ ತೀರಿಕೊಂಡರು, ಹಳೆಯ ಸ್ಮಶಾನದಲ್ಲಿ ಹೆಂಡತಿಯ ಜೊತೆ ಒಂದೇ ಸಮಾಧಿಯಲ್ಲಿದ್ದಾರೆ. ಆ ಸ್ಮಶಾನದ ಬಗ್ಗೆ ಎಷ್ಟು ಹೇಳಿದರೂ ಕಡಿಮೆ. ಸಂತೆಯಲ್ಲಿ ಜನ ಒಬ್ಬರ ಹೆಗಲಿಗೆ ಒಬ್ಬರು ಒತ್ತಿಕೊಂಡು ನಿಲ್ಲುತ್ತಾರಲ್ಲ, ಹಾಗೆ ನಿಂತಿವೆ ಕಲ್ಲುಗಳು. ಒಂದು ಎಡಕ್ಕೆ ವಾಲಿದೆ, ಇನ್ನೊಂದು ಅರ್ಧ ಹೂತಿದೆ. ಸುಮಾರು 12,000 ಕಲ್ಲು. ಯಾಕೆ ಇಷ್ಟು ದಟ್ಟ ಅಂದರೆ, ಹೂತವರನ್ನು ಕದಲಿಸಬಾರದು ಅನ್ನುವುದು ಧರ್ಮ. ಜಾಗ ಹೆಚ್ಚಿಸಲು ಊರಿನವರು ಬಿಡರು. ಆಗ ಏನು ಮಾಡುವುದು? ಇದ್ದ ಸಮಾಧಿಗಳ ಮೇಲೆ ಮಣ್ಣು ಸುರಿದರು, ಹಳೆಯ ಕಲ್ಲನ್ನು ಮೇಲಕ್ಕೆತ್ತಿ ನೆಟ್ಟರು, ಅದರ ಪಕ್ಕ ಹೊಸಬರನ್ನು ಹೂತರು. ಕೆಲವು ಕಡೆ ಹನ್ನೆರಡು ಪದರ ಇದೆ ಅನ್ನುತ್ತಾರೆ. ಅದಕ್ಕೇ ಸ್ಮಶಾನದ ನೆಲ ಹೊರಗಿನ ಬೀದಿಗಿಂತ ಎತ್ತರ. ಇಲ್ಲಿನ ಅತಿ ಹಳೆಯ ಕಲ್ಲು 1439ರದು. ಯಾರದು ಗೊತ್ತೇ? ಆಗ ಹೇಳಿದೆನಲ್ಲ, ಶೋಕಗೀತೆ ಬರೆದ ಅವಿಗ್ದೊರ್ ಕಾರಾ, ಅವನದೇ. ಕೊನೆಯ ಸಮಾಧಿ 1787ರದು.

ವೀರಗಲ್ಲು, ಮಾಸ್ತಿಕಲ್ಲು ನೋಡಿ ಬೆಳೆದ ನಮಗೆ ಇಲ್ಲಿ ಒಂದು ಅನುಕೂಲ ಇದೆ. ಹೀಬ್ರೂ ಬಾರದಿದ್ದರೂ ಕೆತ್ತನೆ ಓದಬಹುದು. ಆಶೀರ್ವದಿಸುವ ಎರಡು ಕೈ ಇದ್ದರೆ ಪುರೋಹಿತರ ವಂಶ. ನೀರಿನ ಹೂಜಿ ಇದ್ದರೆ ಲೇವಿ ಕುಲ, ಪುರೋಹಿತರಿಗೆ ಕೈ ತೊಳೆಯಲು ನೀರು ಹಾಕುವವರು. ಕತ್ತರಿ ಇದ್ದರೆ ದರ್ಜಿ. ಲೋವ್ ಅಂದರೆ ಸಿಂಹ, ಅವರ ಕಲ್ಲಿನಲ್ಲಿ ಸಿಂಹವೇ ಇದೆ. ನನಗೆ ಜಾಸ್ತಿ ಇಷ್ಟವಾದದ್ದು ಡೇವಿಡ್ ಗಾನ್ಸ್ ಅವರದು. ಇತಿಹಾಸ ಬರೆದವರು, ಖಗೋಳ ಬಲ್ಲವರು, ಆ ಕಾಲದ ದೊಡ್ಡ ಖಗೋಳಜ್ಞರಾದ ಟೈಕೋ ಬ್ರಾಹೆ, ಕೆಪ್ಲರ್ ಜೊತೆ ಒಡನಾಡಿದವರು. ಗಾನ್ಸ್ ಅಂದರೆ ಬಾತುಕೋಳಿಯ ದೊಡ್ಡಕ್ಕ, ಹೆಬ್ಬಾತು. ಅಷ್ಟು ದೊಡ್ಡ ಪಂಡಿತರ ಸಮಾಧಿಯ ಮೇಲೆ ಒಂದು ನಕ್ಷತ್ರ, ಒಂದು ಹೆಬ್ಬಾತು!

ಲೋವ್ ಅವರ ಸಮಾಧಿಯ ಬಿರುಕುಗಳಲ್ಲಿ ಮಡಚಿದ ಚೀಟಿಗಳು. ಜನ ಹರಕೆಯಂತೆ ಬರೆದಿಟ್ಟು ಹೋಗುತ್ತಾರೆ, ಗಾಳಿಗೆ ಹಾರದಂತೆ ಮೇಲೆ ಬೆಣಚುಕಲ್ಲು. ಮಳೆಗೆ ಒಂದು ಚೀಟಿಯ ಶಾಯಿ ಪೂರ್ತಿ ಕದಡಿ ನೀಲಿ ಕಲೆಯಾಗಿತ್ತು.

ಈಗ ಪಿಂಕಾಸ್ ಸಿನಗಾಗ್‌ಗೆ ಬರುತ್ತೇನೆ. ಸ್ಮಶಾನದ ಗೋಡೆಗೇ ಅಂಟಿಕೊಂಡಿದೆ, 1535ರ ಕಟ್ಟಡ. ಒಳಗೆ ಬರೀ ಗೋಡೆಗಳು. ದೂರದಿಂದ ಬೂದು ಬಣ್ಣದ ಗೋಡೆ ಅನಿಸುತ್ತದೆ. ಹತ್ತಿರ ಹೋದರೆ ಅದು ಬಣ್ಣವಲ್ಲ, ಹೆಸರುಗಳು. ಇಂದಿನ ಚೆಕ್ ದೇಶದ ಭಾಗಗಳಾದ ಬೊಹೀಮಿಯಾ ಮತ್ತು ಮೊರಾವಿಯಾದಿಂದ ನಾಜಿಗಳು ಸಾಗಿಸಿ ಕೊಂದ ಯಹೂದಿಗಳ ಹೆಸರುಗಳು, ಸುಮಾರು 78,000. ಕೈಯಿಂದ, ಕುಂಚದಿಂದ ಬರೆದದ್ದು. ಮೊದಲು ಊರಿನ ಹೆಸರು. ಆಮೇಲೆ ಮನೆತನದ ಹೆಸರು ಕೆಂಪಲ್ಲಿ. ಅದರ ಮುಂದೆ ಆ ಮನೆಯ ಒಬ್ಬೊಬ್ಬರೂ, ಹುಟ್ಟಿದ ದಿನ, ಬದುಕಿದ್ದರು ಅನ್ನುವುದಕ್ಕೆ ಸಿಕ್ಕ ಕೊನೆಯ ದಿನ. ಒಂದು ಕೆಂಪು ಹೆಸರಿನ ಮುಂದೆ ಏಳು ಜನ ಎಣಿಸಿದೆ. ಮುಂದಿನದನ್ನು ಎಣಿಸಲು ಮನಸ್ಸಾಗಲಿಲ್ಲ.

ನಮ್ಮ ಮೇಷ್ಟರು ಹೇಳುತ್ತಿದ್ದರು, ಅಕ್ಷರ ಅಂದರೆ ಕ್ಷರವಿಲ್ಲದ್ದು, ಅಳಿಯದ್ದು ಅಂತ. ಈ ಗೋಡೆಯ ಅಕ್ಷರಗಳು ಅಳಿದಿವೆ. ಮೊದಲು ಬರೆದದ್ದು 1954ರಿಂದ 1959ರವರೆಗೆ, ವಾಕ್ಲಾವ್ ಬೊಷ್ಟೀಕ್ ಮತ್ತು ಯಿರ್ಷಿ ಯಾನ್ ಅನ್ನುವ ಇಬ್ಬರು ಚಿತ್ರಕಾರರು. ಕಟ್ಟಡದ ಕೆಳಗಿನ ನೀರು ಗೋಡೆಗೆ ಏರಿತು. 1968ರಲ್ಲಿ ಬಾಗಿಲು ಹಾಕಿದರು. ಕಮ್ಯುನಿಸ್ಟ್ ಆಡಳಿತದ ಕಾಲ ಅದು. ದುರಸ್ತಿ ಇಪ್ಪತ್ತು ವರ್ಷಕ್ಕೂ ಮೇಲೆ ಎಳೆಯಿತು, ಅದರ ನಡುವೆ ಗೋಡೆಯ ಬರಹವೂ ಹೋಯಿತು. ಆ ಆಡಳಿತ ಉರುಳಿದ ಮೇಲೆ, 1992ರಿಂದ 1996ರವರೆಗೆ, ಎಲ್ಲವನ್ನೂ ಮೊದಲಿನಿಂದ ಬರೆದರು. 2002ರ ಆಗಸ್ಟ್‌ನಲ್ಲಿ ವಲ್ಟಾವಾ ಉಕ್ಕಿ ನೀರು ಒಳಗೆ ನುಗ್ಗಿತು. ಕೆಳಗಿನ ಸಾಲುಗಳು ಹಾಳಾದವು. ಮತ್ತೆ ಬರೆದರು.

ಮಹಡಿಯ ಮೇಲೆ ಮಕ್ಕಳ ಚಿತ್ರಗಳಿವೆ. ಪ್ರಾಗ್‌ನ ಉತ್ತರಕ್ಕೆ ತೆರೆಜಿನ್ ಅನ್ನುವ ಕೋಟೆ ಊರಿದೆ. ಅದನ್ನು ಕಟ್ಟಿಸಿದವನೂ ಅದೇ ಜೋಸೆಫ್, ಹೆಸರಿಟ್ಟದ್ದು ತನ್ನ ಅಮ್ಮ ಮರಿಯಾ ತೆರೇಸಾಳದು. ನಾಜಿಗಳು ಅದನ್ನು ಯಹೂದಿಗಳ ಸೆರೆಮನೆ ಮಾಡಿದರು. ಅಲ್ಲಿ ಫ್ರೀಡ್ಲ್ ಡಿಕರ್-ಬ್ರಾಂಡೈಸ್ ಎಂಬ ಕಲಾವಿದೆ ಮಕ್ಕಳಿಗೆ ಸಿಕ್ಕ ಸಿಕ್ಕ ಕಾಗದದ ಮೇಲೆ ಚಿತ್ರ ಬರೆಯಲು ಕಲಿಸುತ್ತಿದ್ದರು. ಚಿತ್ರದ ಮೇಲೆ ಅವರವರ ಕೈಯಲ್ಲೇ ಹೆಸರು ಬರೆಸುತ್ತಿದ್ದರು. 1944ರ ಅಕ್ಟೋಬರ್‌ನಲ್ಲಿ ಅವರನ್ನು ನಾಜಿಗಳ ಸಾವಿನ ಶಿಬಿರ ಆಶ್ವಿಟ್ಜ್‌ಗೆ ಒಯ್ದು ಕೊಂದರು. ಹೋಗುವ ಮೊದಲು ಬಚ್ಚಿಟ್ಟ ಎರಡು ಸೂಟ್‌ಕೇಸುಗಳಲ್ಲಿ ಸುಮಾರು 4,500 ಚಿತ್ರಗಳಿದ್ದವು. ಒಂದರಲ್ಲಿ ಮನೆ, ಒಂದರಲ್ಲಿ ಚಿಟ್ಟೆ, ಒಂದರಲ್ಲಿ ಊಟದ ಮೇಜು. ಆ ಮಕ್ಕಳಲ್ಲಿ ಹೆಚ್ಚಿನವರು ಉಳಿಯಲಿಲ್ಲ. ಇಲ್ಲಿ ಗೈಡ್ ಏನೂ ಹೇಳಲಿಲ್ಲ. ಹೊರಗೆ ಕಾಯುತ್ತೇನೆ ಅಂತ ಸನ್ನೆ ಮಾಡಿ ಹೋದರು.

ಕೊನೆಗೆ ಸ್ಪ್ಯಾನಿಷ್ ಸಿನಗಾಗ್. 1868ರದು, ಒಳಗೆಲ್ಲ ಚಿನ್ನದ ಬಣ್ಣದ ಹೆಣಿಗೆ. ಚಂದ ಇದೆ, ಆದರೆ ಪಿಂಕಾಸ್ ನೋಡಿ ಬಂದ ಕಣ್ಣಿಗೆ ಅಷ್ಟು ಚಿನ್ನ ಹಿಡಿಸಲಿಲ್ಲ. ಇದೇ ಜಾಗದಲ್ಲಿ ಮೊದಲು ಇದ್ದ ಹಳೆಯ ಸಿನಗಾಗ್‌ನಲ್ಲಿ ಫ್ರಾಂಟಿಶೆಕ್ ಶ್ಕ್ರೌಪ್ ಆರ್ಗನ್ ನುಡಿಸುತ್ತಿದ್ದರು. ಯಹೂದಿಯಲ್ಲ. ಇವತ್ತಿನ ಚೆಕ್ ರಾಷ್ಟ್ರಗೀತೆಯ ರಾಗ ಇವರದೇ.

ಇಲ್ಲಿ ಬೆಳ್ಳಿಯ ಪೂಜಾಸಾಮಾನು ತುಂಬಾ ಇದೆ. ಎಲ್ಲಿಂದ ಬಂತು ಅಂತ ಯಾರೋ ಕೇಳಿದರು. ಮ್ಯೂಸಿಯಂ ಶುರುವಾದದ್ದು 1906ರಲ್ಲಿ, ಕೆಡವಿದ ಸಿನಗಾಗ್‌ಗಳ ಸಾಮಾನು ಉಳಿಸಲು. ಎರಡನೇ ಮಹಾಯುದ್ಧದ ಸಮಯದಲ್ಲಿ ಖಾಲಿಯಾದ ಊರೂರಿನ ಸಿನಗಾಗ್‌ಗಳ ವಸ್ತುಗಳೂ ಇಲ್ಲಿಗೆ ಬಂದವು. ಅವನ್ನೆಲ್ಲ ಪಟ್ಟಿ ಮಾಡಿದವರು ಯಹೂದಿ ನೌಕರರೇ. ಅವರಲ್ಲೂ ಹೆಚ್ಚಿನವರನ್ನು ಆಮೇಲೆ ಸಾಗಿಸಿದರು.

ಆ ವಸ್ತುಗಳಲ್ಲಿ ತೋರಾ ಸುರುಳಿಗಳೂ ಇದ್ದವು. ತೋರಾ ಅಂದರೆ ಅವರ ಮೂಲ ಗ್ರಂಥ. ಚರ್ಮದ ಹಾಳೆಯ ಮೇಲೆ ಕೈಯಲ್ಲೇ ಬರೆಯಬೇಕು. ಒಟ್ಟು 3,04,805 ಅಕ್ಷರ. ಅದರಲ್ಲಿ ಒಂದೇ ಅಕ್ಷರ ಬಿರಿದರೂ ಪ್ರಾರ್ಥನೆಯಲ್ಲಿ ಆ ಸುರುಳಿ ಓದುವ ಹಾಗಿಲ್ಲ. ಯುದ್ಧ ಮುಗಿದ ಮೇಲೆ ಸುರುಳಿಗಳು ಪ್ರಾಗ್‌ನ ಒಂದು ಪಾಳು ಸಿನಗಾಗ್‌ನಲ್ಲಿ ತೇವ ಹಿಡಿಯುತ್ತಾ ಬಿದ್ದಿದ್ದವು. 1964ರಲ್ಲಿ ಅವನ್ನು ಲಂಡನ್ನಿನ ವೆಸ್ಟ್‌ಮಿನ್‌ಸ್ಟರ್ ಸಿನಗಾಗ್‌ಗೆ ಸಾಗಿಸಿದರು. ಅಲ್ಲಿ ಇಳಿಸಿ ಎಣಿಸಿದರೆ 1,564.

ಸ್ವಲ್ಪ ವರ್ಷದ ಮೇಲೆ ಆ ಲಂಡನ್ ಸಿನಗಾಗ್‌ನ ಬಾಗಿಲನ್ನು ಒಬ್ಬರು ತಟ್ಟಿದರಂತೆ. ಡೇವಿಡ್ ಬ್ರ್ಯಾಂಡ್ ಅಂತ ಹೆಸರು, ತೋರಾ ಬರೆಯುವ ಕಸುಬಿನವರು, ಕೆಲಸ ಹುಡುಕಿಕೊಂಡು ಬಂದಿದ್ದರು. ರಿಪೇರಿಗೆ ಸುರುಳಿ ಏನಾದರೂ ಇದೆಯಾ ಅಂತ ಕೇಳಿದರು. ಒಳಗೆ ಕರೆದು ತೋರಿಸಿದರು. ಅವರು ಮುಂದಿನ 25 ವರ್ಷಕ್ಕೂ ಹೆಚ್ಚು ಕಾಲ ಅಲ್ಲೇ ಕೂತು, ಹಕ್ಕಿಯ ಗರಿಯ ಲೇಖನಿ ಹಿಡಿದು, ಬಿರಿದ ಅಕ್ಷರಗಳನ್ನು ಒಂದೊಂದಾಗಿ ತುಂಬಿದರು.

ನಮಸ್ಕಾರ.